ಗಾಜಿನ ಪೆಟ್ಟಿಗೆಯ ಗುಮಾಸ್ತ

ಕೆಲವರ ಮುಖ ನೋಡಿದೊಡನೆ ‘ಇವರನ್ನು ಎಲ್ಲೋ ನೋಡಿದ್ದೇನಲ್ಲ’ ಅನ್ನಿಸುತ್ತದೆ. ಬ್ಯಾಂಕಿನ ಕೌಂಟರಿನಲ್ಲೋ, ರೇಷನ್ ಅಂಗಡಿಯ ಸಾಲಿನಲ್ಲೋ, ಮದುವೆಮನೆಯಲ್ಲಿ ಎರಡನೇ ಪಂಕ್ತಿಗೆ ಕಾಯುತ್ತಿದ್ದಾಗಲೋ. ಸ್ಪೇನಿನ ನಟ ಹೊಸೆ ಲೂಯಿಸ್ ಲೋಪೆಸ್ ವಾಸ್ಕೆಸ್ ಅವರದು ಅಂಥ ಮುಖ. ಬೋಳುತಲೆ, ಸಣ್ಣ ಮೀಸೆ, ಯಾರೋ ಈಗಷ್ಟೇ ಗದರಿಸಿ ಹೋದಂಥ ಕಣ್ಣು. ಹೆಸರಿಗಾದರೂ ಗತ್ತಿದೆಯೇ ಎಂದರೆ ಅದೂ ಇಲ್ಲ. ಲೋಪೆಸ್‌ಗಳು ಸ್ಪೇನಿನ ಗಲ್ಲಿಗಲ್ಲಿಯಲ್ಲಿದ್ದಾರೆ.

1922ರಲ್ಲಿ ಮ್ಯಾಡ್ರಿಡ್‌ನಲ್ಲಿ ಹುಟ್ಟಿದ ಇವರು ಮೊದಲು ಮಾಡಿದ್ದು ವೇಷಭೂಷಣ ವಿನ್ಯಾಸದ ಕೆಲಸ. ಬೇರೆಯವರಿಗೆ ಅಂಗಿ ಕೋಟು ಯೋಚಿಸುತ್ತಿದ್ದವರು ಆಮೇಲೆ ತಾವೇ ತೊಟ್ಟು ನಿಂತರು; ಇನ್ನೂರಕ್ಕೂ ಹೆಚ್ಚು ಚಿತ್ರಗಳಾದವು. ‘ಎಲ್ ಪಿಸಿತೊ’ (1959) ನನಗೆ ಅಚ್ಚುಮೆಚ್ಚು. ಮನೆ ಸಿಗದೆ ವರ್ಷಗಟ್ಟಲೆ ಮದುವೆ ಮುಂದೂಡಿದ ಬಡಪಾಯಿಯೊಬ್ಬ, ಬಾಡಿಗೆ ಮನೆಯಲ್ಲಿರುವ, ಸಾಯುವ ವಯಸ್ಸಿನ ಮುದುಕಿಯೊಬ್ಬಳನ್ನು, ಆಕೆಯ ಬಾಡಿಗೆ ಹಕ್ಕು ಮುಂದೆ ತನಗೆ ಉಳಿಯಲೆಂದು ಮದುವೆಯಾಗುತ್ತಾನೆ. ಮುದುಕಿಗೋ ಸಾಯುವ ಅವಸರವಿಲ್ಲ! ಇದನ್ನು ಚೆಲುವಾಂತ ನಾಯಕನೊಬ್ಬ ಮಾಡಿದ್ದರೆ ನಾವು ಛೀಮಾರಿ ಹಾಕುತ್ತಿದ್ದೆವು. ಲೋಪೆಸ್ ವಾಸ್ಕೆಸ್ ಮಾಡಿದಾಗ ‘ಪಾಪ, ಮನೆ ಬಾಡಿಗೆ ಅಂದರೆ ಸುಮ್ಮನೆಯೇ’ ಎಂದುಕೊಳ್ಳುತ್ತೇವೆ.

ಆದರೆ ಸ್ಪೇನಿನವರಿಗೆ ಅವರ ಹೆಸರೆತ್ತಿದರೆ ನೆನಪಾಗುವುದು ಒಂದು ಕೆಂಪು ಟೆಲಿಫೋನ್ ಬೂತು. 1972ರ ಡಿಸೆಂಬರಿನಲ್ಲಿ ಅಲ್ಲಿನ ಸರ್ಕಾರಿ ಟೆಲಿವಿಷನ್‌ನಲ್ಲಿ ಆಂತೋನಿಯೊ ಮೆರ್ಸೆರೊ ನಿರ್ದೇಶನದ ‘ಲಾ ಕಬೀನಾ’ ಪ್ರಸಾರವಾಯಿತು. ಸುಮಾರು 35 ನಿಮಿಷದ ಚಿತ್ರ. ಮಗನನ್ನು ಶಾಲೆಯ ಬಸ್ಸಿಗೆ ಹತ್ತಿಸಿದ ಮನುಷ್ಯನೊಬ್ಬ ಫೋನು ಮಾಡಲು ಬೂತಿನೊಳಗೆ ಹೋಗುತ್ತಾನೆ, ಬಾಗಿಲು ಮುಚ್ಚಿಕೊಳ್ಳುತ್ತದೆ, ಫೋನು ಕೆಟ್ಟಿದೆ, ಬಾಗಿಲು ತೆರೆಯುವುದಿಲ್ಲ. ಜನ ಸೇರುತ್ತಾರೆ, ಎಳೆಯುತ್ತಾರೆ, ಸಲಹೆ ಕೊಡುತ್ತಾರೆ, ನಗುತ್ತಾರೆ. ಒಳಗಿನವನ ಬಾಯಿ ಆಡುವುದು ಕಾಣುತ್ತದೆ, ಮಾತು ಕೇಳುವುದಿಲ್ಲ. ಅವನೂ ಮೊದಲು ಸಂಕೋಚದಿಂದ ನಗುತ್ತಾನೆ, ಬಸ್ಸಿನಲ್ಲಿ ಚಿಲ್ಲರೆಯಿಲ್ಲದವರು ಕಂಡಕ್ಟರನ ಮುಂದೆ ನಗುವಂತೆ. ನಾನೂ ನಕ್ಕೆ. ಆ ನಗು ಅವರ ಮುಖದಿಂದ ಜಾರಿದಾಗ ನನ್ನದು ಮಾತ್ರ ಇನ್ನೂ ತುಟಿಯ ಮೇಲೆ ಉಳಿದಿತ್ತು, ನಾಚಿಕೆಯಾಯಿತು.

ನಾಯಕನೊಬ್ಬನನ್ನು ಆ ಪೆಟ್ಟಿಗೆಯಲ್ಲಿ ಕೂಡಿದ್ದರೆ ಮರುಕ್ಷಣ ಗಾಜು ಒಡೆಯುತ್ತದೆಂದು ಕಾದು ಕೂರುತ್ತಿದ್ದೆವು. ಈ ಗುಮಾಸ್ತನ ಮುಖ ಕಂಡರೆ, ಇವರು ಅರ್ಜಿ ಬರೆದುಕೊಟ್ಟು ಕಾಯುವವರೇ ಹೊರತು ಒಡೆಯುವವರಲ್ಲ ಎಂದು ಗೊತ್ತಾಗಿಬಿಡುತ್ತದೆ. ಹೆದರಿಕೆ ಇರುವುದೇ ಅಲ್ಲಿ. ಅಂತ್ಯವನ್ನು ನಾನು ಹೇಳುವುದಿಲ್ಲ. ಚಿತ್ರಕ್ಕೆ ಅಂತರರಾಷ್ಟ್ರೀಯ ಎಮ್ಮಿ ಪ್ರಶಸ್ತಿ ಬಂತು. ಅದನ್ನು ನೋಡಿದ ಮೇಲೆ ಎಷ್ಟೋ ಮಂದಿ ಬೂತಿನ ಬಾಗಿಲಿಗೆ ಕಾಲು ಅಡ್ಡಕೊಟ್ಟುಕೊಂಡೇ ಫೋನು ಮಾಡುತ್ತಿದ್ದರಂತೆ.

ಅದೇ ವರ್ಷ ತೆರೆಕಂಡ ‘ಮಿ ಕೆರಿದಾ ಸೆನ್ಯೊರಿತಾ’ದಲ್ಲಿ ಅವರು ಅದೇಲಾ ಎಂಬ ಅವಿವಾಹಿತ ಮಧ್ಯವಯಸ್ಕ ಮಹಿಳೆ. ತಾನು ಹೆಣ್ಣಲ್ಲವೆಂದು ವೈದ್ಯರಿಂದ ತಿಳಿದ ಮೇಲೆ ಹ್ವಾನ್ ಎಂಬ ಹೆಸರಿನಲ್ಲಿ ಗಂಡಸಾಗಿ ಬದುಕಲು ಹೊರಡುವ ಪಾತ್ರ. ಹೆಣ್ಣುವೇಷ ಹಾಕಿದ ಹಾಸ್ಯನಟನನ್ನು ನೋಡಿ ನಗಲು ಸಿದ್ಧವಾಗಿ ಕೂತವರಿಗೆ ನಗಲು ಅಲ್ಲಿ ಜಾಗವೇ ಇಲ್ಲ. 1974ರ ‘ಲಾ ಪ್ರಿಮಾ ಆಂಹೆಲಿಕಾ’ದಲ್ಲಿ ಲೋಪೆಸ್ ವಾಸ್ಕೆಸ್ ಅವರಿಂದ ನಿರ್ದೇಶಕ ಕಾರ್ಲೋಸ್ ಸಾವುರಾ ಇನ್ನೂ ವಿಚಿತ್ರವಾದ ಕೆಲಸ ಮಾಡಿಸಿದರು. ಇವರ ಪಾತ್ರಕ್ಕೆ ಅಂತರ್ಯುದ್ಧ ಕಾಲದ ಬಾಲ್ಯ ನೆನಪಾದಾಗ ಆ ಹುಡುಗನೂ ಇವರೇ. ಮೇಕಪ್ಪಿಲ್ಲ, ಹುಡುಗರ ವೇಷವಿಲ್ಲ, ಅದೇ ಬೋಳುತಲೆ ಹೊತ್ತು ದೊಡ್ಡವರ ಮುಂದೆ ಹೆದರಿ ನಿಲ್ಲುತ್ತಾರೆ. ವೇಷ ಹೊಲಿಸುತ್ತಿದ್ದವರಿಗೆ ವೇಷವೇ ಬೇಡವಾಯಿತು.

2009ರಲ್ಲಿ ಅವರು ತೀರಿಕೊಂಡರು. ಬೂತುಗಳೂ ಹೋದವು. ನನಗೆ ಉಳಿದಿರುವುದು ಎಟಿಎಂನ ಗಾಜಿನ ಕೋಣೆ. ಹಣ ಎಣಿಸುವಾಗ ಒಂದು ಕಾಲು ತಾನಾಗಿಯೇ ಬಾಗಿಲಿಗೆ ಅಡ್ಡ ಹೋಗಿರುತ್ತದೆ. ಮೊನ್ನೆ ಕಾವಲುಗಾರರು ಬಂದು, “ಸಾರ್, ಬಾಗಿಲು ಬಿಡಿ, ಎಸಿ ಎಲ್ಲ ಹೊರಗೆ ಹೋಗುತ್ತಿದೆ” ಎಂದರು. ಸ್ಪೇನು, 1972, ಕೆಂಪು ಬೂತು ಎಂದು ಅವರಿಗೆ ಎಲ್ಲಿಂದ ಶುರುಮಾಡಿ ಹೇಳಲಿ? ಸಂಕೋಚದಿಂದ ನಕ್ಕು, ಕಾಲು ತೆಗೆಯದೆಯೇ ಬೇಗ ಬೇಗ ಎಣಿಸಿದೆ.