ಅಡಿಕೆ ಮಾರಿ ತಂದ ಉಚಿತ ಚಂದಾ

ಶಿರಸಿ ಸೀಮೆಯಲ್ಲಿ ಈಚೆಗೆ 'ಉಚಿತ ಚಂದಾ' ಎಂಬ ವಿದ್ಯೆ ಹಬ್ಬುತ್ತಿದೆ. ಬೆಂಗಳೂರಿನ ಕೆಲಸವನ್ನು ಮನೆಯಿಂದಲೇ ಮಾಡಲು ಊರಿಗೆ ಮರಳಿದ ತರುಣರು ಇದರ ಆಚಾರ್ಯರು. ಬಾಡಿಗೆ ಸರ್ವರಿಗೆ ತಿಂಗಳಿಗೆ 20 ಡಾಲರ್ ಕಟ್ಟುವುದು ದಡ್ಡತನ, ಒಂದು ನಾಣ್ಯಕ್ಕೆ ಒಂದು ಡಾಲರ್ ಬೆಲೆ ನಿಲ್ಲಿಸುತ್ತೇವೆನ್ನುವ ಡಿಜಿಟಲ್ ಹಣವಾದ ಸ್ಟೇಬಲ್‌ಕಾಯಿನನ್ನು 4,800 ಡಾಲರಿನಷ್ಟು ಕೊಂಡು ಶೇ. 5ರ ಆದಾಯ ಸಿಗುವ ಕಡೆ ಇಟ್ಟರೆ ವರ್ಷಕ್ಕೆ 240 ಡಾಲರ್ ಹುಟ್ಟಿ ಚಂದಾ ಪೂರ್ತಿ ಪುಕ್ಕಟೆಯಾಗುತ್ತದೆ ಎಂಬುದು ಮೊದಲ ಪಾಠ. ಅಷ್ಟು ಡಾಲರ್ ಎಂದರೆ ನಾಲ್ಕು ಲಕ್ಷ ರೂಪಾಯಿ ದಾಟುತ್ತದಲ್ಲ ಎಂದು ಹಿರಿಯರು ಗೊಣಗಿದರೆ, "ಅಸಲು ಹಾಗೆಯೇ ಇರುತ್ತದೆ ಮಾವಾ" ಎಂಬ ಉತ್ತರ ಸಿದ್ಧವಿದೆ.

ಹಾಗೆಯೇ ಇರುತ್ತದೆಂದು ನಂಬಿದವರ ಚರಿತ್ರೆಯನ್ನು ಪಾಠದಲ್ಲಿ ಸೇರಿಸಿಲ್ಲ. ಶೇ. 20ರ ಆಸುಪಾಸಿನ ಆದಾಯದ ಆಸೆಗೆ ಜನ ತುಂಬಿಟ್ಟಿದ್ದ ಟೆರಾಯುಎಸ್‌ಡಿ ಎಂಬ ಸ್ಟೇಬಲ್‌ಕಾಯಿನ್ 2022ರ ಮೇ ತಿಂಗಳಲ್ಲಿ ಕುಸಿದುಹೋಯಿತು. ಅದಕ್ಕಿಂತ ಸಭ್ಯವೆನಿಸಿಕೊಂಡ ಇನ್ನೊಂದು ಸ್ಟೇಬಲ್‌ಕಾಯಿನ್ ಯುಎಸ್‌ಡಿಸಿ ಕೂಡ, 2023ರ ಮಾರ್ಚ್‌ನಲ್ಲಿ ಸಿಲಿಕಾನ್ ವ್ಯಾಲಿ ಬ್ಯಾಂಕ್ ಮುಳುಗಿ ಅಲ್ಲಿ ತನ್ನ 330 ಕೋಟಿ ಡಾಲರ್ ಸಿಕ್ಕಿಬಿದ್ದಾಗ, 90 ಸೆಂಟ್‌ಗಿಂತ ಕೆಳಗೆ ಜಾರಿ, ಠೇವಣಿಗಳಿಗೆ ಅಮೆರಿಕ ಸರ್ಕಾರ ಅಭಯ ಕೊಟ್ಟ ಮೇಲೆ ಚೇತರಿಸಿಕೊಂಡಿತು. ಇಂಥ ಆಸ್ತಿಯ ಮಾರಾಟದ ಲಾಭಕ್ಕೆ ನಮ್ಮಲ್ಲಿ ಶೇ. 30 ತೆರಿಗೆಯೂ ವರ್ಗಾವಣೆಗೆ ಶೇ. 1ರ ಮೂಲದಲ್ಲೇ ತೆರಿಗೆ ಕಡಿತವೂ (ಟಿಡಿಎಸ್) 2022ರಿಂದಲೇ ಇವೆ. ಆದರೆ ಉಚಿತ ಎಂದ ಮೇಲೆ ತೆರಿಗೆಯ ಮಾತೆತ್ತುವುದು ಅಸಭ್ಯತೆ.

ಈ ಪುಕ್ಕಟೆ ಸರ್ವರಿನಲ್ಲಿ ಓಡುವುದಾದರೂ ಏನು? ಆ ದಿನದ ಅಡಿಕೆ ದರ ತೋರಿಸುವ ಒಂದು ವೆಬ್ ಪುಟ. ಪ್ರೋಗ್ರಾಮನ್ನೂ ಅದಕ್ಕೆ ಬೇಕಾದ ಸಿದ್ಧ ಕೋಡಿನ ಲೈಬ್ರರಿಗಳನ್ನೂ ಇಮೇಜ್ ಎಂಬ ಒಂದೇ ಪೊಟ್ಟಣವಾಗಿ ಕಟ್ಟಿ, ರಿಜಿಸ್ಟ್ರಿ ಎಂಬ ಆನ್‌ಲೈನ್ ಉಗ್ರಾಣಕ್ಕೆ ಏರಿಸಿ, ಯಾವ ಯಂತ್ರಕ್ಕೆ ಇಳಿಸಿದರೂ ಕಂಟೇನರಾಗಿ ಒಂದೇ ರೀತಿ ಓಡುವಂತೆ ಮಾಡುವ ಡಾಕರ್ ಎಂಬ ತಂತ್ರಾಂಶ 2013ರಲ್ಲಿ ಬಂದದ್ದು ಒಳ್ಳೆಯದಕ್ಕೇ. ರಾಶಿ, ಚಾಲಿ, ಬೆಟ್ಟೆ, ಕೆಂಪುಗೋಟು, ಬಿಳಿಗೋಟು ಎಂಬ ಅಡಿಕೆ ಬಗೆಗಳ ಐದು ಸಾಲಿಗೆ ಅದೇ ಹೆಚ್ಚು. ಆಚಾರ್ಯರಿಗೆ ಅದು ಸಾಲದೆ, ಗೂಗಲ್ 2014ರಲ್ಲಿ ಮುಕ್ತವಾಗಿ ಬಿಟ್ಟುಕೊಟ್ಟ, ಕಂಟೇನರುಗಳ ಮೇಲ್ವಿಚಾರಣೆ ಮಾಡುವ ಕುಬರ್ನೆಟಿಸ್ ತಂದು, ಒಂದು ಸತ್ತರೆ ಕೂಡಲೇ ಇನ್ನೊಂದು ಹುಟ್ಟುವಂತೆ ಪುಟದ ಮೂರು ಪ್ರತಿಗಳನ್ನು ಓಡಿಸಿದ್ದಾರೆ. ಮಳೆಗಾಲದಲ್ಲಿ ಮರ ಬಿದ್ದು ಕರೆಂಟು ಹೋಗಿ, ಅದರ ಬೆನ್ನಿಗೇ ಟವರ್ ಸತ್ತು, ಊರಿಗೆ ಊರೇ ಕತ್ತಲಲ್ಲಿ ಕುಳಿತಾಗಲೂ ಮುಂಬೈಯ ಡೇಟಾ ಸೆಂಟರಿನಲ್ಲಿ ಆ ಮೂರೂ ಪ್ರತಿಗಳು, ನೋಡುವವರು ಒಬ್ಬರೂ ಇಲ್ಲದೆ, ಪೂರ್ಣ ಆರೋಗ್ಯದಿಂದಿದ್ದವು ಎಂಬುದಕ್ಕೆ ದಾಖಲೆಯಿದೆ.

ದರ ಪುಟಕ್ಕೆ ಬರುವ ಬಗೆ ಇನ್ನೂ ಸ್ವಾರಸ್ಯದ್ದು. ಸಂಜೆ ಆಚಾರ್ಯರು ಅಡಿಕೆ ಮಾರಾಟದ ಸೊಸೈಟಿಗೆ ಫೋನ್ ಮಾಡಿ, ಟೆಂಡರಿನ ದರ ಕೇಳಿಕೊಂಡು ಟೈಪ್ ಮಾಡುತ್ತಾರೆ. ಐದು ಅಂಕಿ ಬದಲಾದದ್ದಕ್ಕೆ ಇಡೀ ಇಮೇಜನ್ನು ಹೊಸದಾಗಿ ಕಟ್ಟಿ ಏರಿಸಿ ಮುಗಿಯುವಷ್ಟರಲ್ಲಿ ಅದೇ ದರ ವಾಟ್ಸ್‌ಆ್ಯಪಿನಲ್ಲಿ ಸೀಮೆಯನ್ನೆಲ್ಲ ಸುತ್ತಿರುತ್ತದೆ.

ಈಗ ಸರ್ವರಿನವರು ಚಂದಾವನ್ನು 25 ಡಾಲರಿಗೆ ಏರಿಸಿದ್ದಾರಂತೆ. ಉಚಿತವನ್ನು ಉಚಿತವಾಗಿಯೇ ಉಳಿಸಿಕೊಳ್ಳಲು ಇನ್ನೂ 1,200 ಡಾಲರ್ ಬೇಕಾಗಿರುವುದರಿಂದ, ದರ ಏರಲೆಂದು ಮಾಳಿಗೆಯಲ್ಲಿ ಕಾದಿರಿಸಿದ್ದ ಚಾಲಿಯನ್ನು ಇಳಿಸಲು ಆಚಾರ್ಯರ ಅಪ್ಪಯ್ಯ ಒಪ್ಪಿದ್ದಾರೆ. ಇವತ್ತಿನ ದರವೇನೆಂದು ತಿಳಿಯಲು ಅವರು ಸೊಸೈಟಿಗೆ ಫೋನ್ ಮಾಡಿದ್ದಾರೆ.