ಠಾಣೆಯ ಬೆಂಚಿನಲ್ಲಿ ಸುಮ್ಮನೆ ಕೂತ ಅಜ್ಜ

"ತಪ್ಪು ಮಾಡಿಲ್ಲ ಅಂದ್ಮೇಲೆ ಬಾಯಿ ಬಿಡೋಕೆ ಏನು ಕಷ್ಟ?" ಗೋಣಿಕೊಪ್ಪದ ಸಂತೆಯಿಂದ ಮಡಿಕೇರಿಯ ಬಸ್ ಸ್ಟ್ಯಾಂಡ್‌ವರೆಗೆ ಎಲ್ಲರೂ ಆಡುವ ಮಾತಿದು. ನಾನೂ ಆಡಿದ್ದೇನೆ. ಈಗ ಆಡುವುದಿಲ್ಲ.

ಹೋದ ಮಾರ್ಚಿನಲ್ಲಿ ಪಕ್ಕದ ತೋಟದ ಕಣದಿಂದ ಒಣಗಿದ ಕರಿಮೆಣಸು ಕಳುವಾಯಿತು. ತೋಟದ ಕೂಲಿಯವರು ಇರುವ ಲೈನ್ ಮನೆಯ ಒಬ್ಬ ಅಜ್ಜನನ್ನು ಪೊಲೀಸರು ಜೀಪಿಗೆ ಹತ್ತಿಸಿಕೊಂಡು ಹೋದರು. ವಯಸ್ಸು ಅರವತ್ತೆಂಟು. ನಾನು ಹೋಗುವಷ್ಟರಲ್ಲಿ ಚಪ್ಪಲಿ ಹೊರಗೆ ಬಿಟ್ಟು, ಬೆಂಚಿನ ತುದಿಯಲ್ಲಿ ಕೂತು ತಲೆವಸ್ತ್ರವನ್ನು ಬೆರಳಿಗೆ ಸುತ್ತುತ್ತಿದ್ದರು, ಬಿಚ್ಚುತ್ತಿದ್ದರು. ಕೇಳಿದ್ದಕ್ಕೆಲ್ಲ ಒಂದೇ ಉತ್ತರ: "ಗೊತ್ತಿಲ್ಲ ಸಾಮಿ." ಅದರಿಂದಲೇ ಅನುಮಾನ ಹೆಚ್ಚಾಗಿತ್ತು.

ಅವರಿಗೆ ಗೊತ್ತಿತ್ತು. ರಾತ್ರಿ ಪಿಕಪ್ ಗಾಡಿ ಬಂದದ್ದನ್ನು ಕಣ್ಣಾರೆ ಕಂಡಿದ್ದರು. ಆದರೆ ಅದನ್ನು ಹೇಳಿದರೆ ಮುಂದಿನ ಪ್ರಶ್ನೆ ಗೇಟಿನ ಬೀಗದ್ದು. ಅವತ್ತು ಬೀಗ ಹಾಕದೆ ಮಲಗಿದವರು ಅವರೇ. ಕಳ್ಳರ ಜೊತೆ ಸೇರಿಸಿಬಿಡುತ್ತಾರೆ ಎಂಬ ಭಯ.

ಕಾನೂನು ಈ ಎರಡು ಪ್ರಶ್ನೆಗಳನ್ನು ಬೇರೆಬೇರೆಯಾಗಿಯೇ ನೋಡುತ್ತದೆ. ಪೊಲೀಸ್ ತನಿಖೆ ಹೇಗೆ ನಡೆಯಬೇಕು ಎಂದು ಹೇಳುವ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 180ನೇ ಕಲಂ ಪ್ರಕಾರ ತನಿಖಾಧಿಕಾರಿ ಕೇಳಿದ್ದಕ್ಕೆ ನಿಜವನ್ನೇ ಹೇಳಬೇಕು, ತನ್ನ ಮೇಲೆಯೇ ಕ್ರಿಮಿನಲ್ ಆರೋಪ ಬರುವಂಥ ಪ್ರಶ್ನೆಗೆ ಮಾತ್ರ ಉತ್ತರಿಸಬೇಕಾಗಿಲ್ಲ. ಹಳೆಯ ಕಾನೂನಿನಲ್ಲೂ ಹೀಗೇ ಇತ್ತು. ಆರೋಪಿಯನ್ನು ತನ್ನ ವಿರುದ್ಧ ತಾನೇ ಸಾಕ್ಷಿ ಹೇಳುವಂತೆ ಒತ್ತಾಯಿಸಬಾರದು ಎಂಬ ಸಂವಿಧಾನದ 20(3)ನೇ ವಿಧಿಯ ರಕ್ಷಣೆ ಪೊಲೀಸ್ ವಿಚಾರಣೆಗೂ ಇದೆ ಎಂದು 1978ರಲ್ಲೇ ನಂದಿನಿ ಸತ್ಪಥಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆಕೆ ಒಡಿಶಾದ ಮಾಜಿ ಮುಖ್ಯಮಂತ್ರಿ. ಅಂಥವರೇ ಕೋರ್ಟಿನ ಮೆಟ್ಟಿಲು ಹತ್ತಬೇಕಾಯಿತು ಅಂದರೆ ನಮ್ಮ ಲೈನ್ ಮನೆಯವರ ಗತಿ ಏನು?

ಕಂಡದ್ದನ್ನು ಹೇಳುವುದು ಊರಿನವರ ಕರ್ತವ್ಯ, ಅದರಲ್ಲಿ ನನಗೆ ಎರಡು ಮಾತಿಲ್ಲ. ಬೀಟೆ ಮರ ಕಡಿದು ಸಾಗಿಸುವವರನ್ನು ನೋಡಿಯೂ ನೋಡದಂತೆ ಇರುವುದನ್ನು ನಾನು ಒಪ್ಪುವುದಿಲ್ಲ. ಆದರೆ ಎಲ್ಲಿ ಸುಮ್ಮನಿರಬಹುದು ಎಂದು ಗೊತ್ತಿಲ್ಲದವನು ಎಲ್ಲದಕ್ಕೂ ಬಾಯಿ ಮುಚ್ಚುತ್ತಾನೆ. ಹೆದರಿಸಿ ಅವನಿಂದ ಸಾಕ್ಷಿ ಪಡೆಯಲಾಗದು.

ಇನ್ನೂ ಒಂದು ವಿಷಯ, ದಯವಿಟ್ಟು ಮನೆಯವರಿಗೆ ಹೇಳಿ. ಸಾಕ್ಷಿಯನ್ನು ಕರೆಸಲು ಲಿಖಿತ ಆದೇಶ ಬೇಕು. ಹೆಂಗಸರನ್ನು, ಅರವತ್ತು ದಾಟಿದ ಗಂಡಸರನ್ನು ಸಾಕ್ಷಿಯಾಗಿ ಠಾಣೆಗೆ ಬನ್ನಿ ಎಂದು ಒತ್ತಾಯಿಸುವಂತಿಲ್ಲ, ಪೊಲೀಸರೇ ಮನೆಗೆ ಬರಬೇಕು. ಅದು ಅದೇ ಸಂಹಿತೆಯ 179ನೇ ಕಲಂ. ತನಿಖೆಯಲ್ಲಿ ಬರೆದುಕೊಂಡ ಹೇಳಿಕೆಗೆ ಸಹಿಯನ್ನಾಗಲಿ ಹೆಬ್ಬೆಟ್ಟನ್ನಾಗಲಿ ಹಾಕಿಸುವಂತಿಲ್ಲ.

ಪರಿಚಯದ ವಕೀಲರೊಬ್ಬರು ಫೋನಿನಲ್ಲಿ ಇಷ್ಟನ್ನೇ ಹೇಳಿದರು. ಅಜ್ಜನನ್ನು ಮನೆಗೆ ಕರೆತಂದೆವು. ಮೂರನೇ ದಿನ ಪೊಲೀಸರು ಲೈನ್ ಮನೆಯ ಜಗಲಿಗೆ ಬಂದು ಕೂತರು. ಗಾಡಿಯ ಬಣ್ಣ, ಹೋದ ದಿಕ್ಕು, ಒಡೆದಿದ್ದ ಹಿಂದಿನ ಲೈಟು, ಎಲ್ಲವನ್ನೂ ಅಜ್ಜ ಹೇಳಿದರು. ಬೀಗದ ಪ್ರಶ್ನೆ ಬಂತು. "ಅದಕ್ಕೆ ನಾನು ಉತ್ತರ ಹೇಳಲ್ಲ ಸಾಮಿ" ಅಂದರು.