ಅಗ್ಗವಾಗಿ ಸಿಗೋವಾಗ್ಲೇ ಯೋಚ್ನೆ ಮಾಡ್ಬೇಕು

ಮೊನ್ನೆ ಕೆಟ್ಟು ಡ್ರಾಯರ್‌ನಲ್ಲಿ ಬಿದ್ದಿದ್ದ ಹಳೇ ಫೋನ್ ಒಂದನ್ನ ಬಿಚ್ಚಿದೆ. ರಿಪೇರಿ ಮಾಡೋಕಲ್ಲ, ಒಳಗೆ ಏನೇನಿದೆ ನೋಡೋಣ ಅಂತ. ಸೈಲೆಂಟ್‌ನಲ್ಲಿಟ್ಟಾಗ ಗುರ್ರ್ ಅಂತ ನಡುಗತ್ತಲ್ಲ, ಆ ಮೋಟಾರು ಶರ್ಟ್ ಗುಂಡಿಗಿಂತ ಚಿಕ್ಕದಿರತ್ತೆ, ಅದನ್ನೂ ಬಿಚ್ಚಿದ್ರೆ ಒಳಗೆ ಉಗುರಿನ ಚೂರಿನಷ್ಟು ಒಂದು ಮ್ಯಾಗ್ನೆಟ್. ಟ್ವೀಝರ್‌ನಲ್ಲಿ ಎತ್ತೋಕೆ ಹೋದೆ, ಟ್ವೀಝರ್‌ಗೇ ಅಂಟ್ಕೊಂಡು ಬಿಡ್ಲೇ ಇಲ್ಲ. ಸಣ್ಣ ಸ್ಕ್ರೂ ಹತ್ರ ತಂದ್ರೆ ಟಕ್ ಅಂತ ಎಳ್ಕೊಳ್ತು. ಅಷ್ಟು ಚೂರಿಗೆ ಅಷ್ಟು ಶಕ್ತಿ! ಇದರ ದೊಡ್ಡಣ್ಣಂದಿರೇ ಎಲೆಕ್ಟ್ರಿಕ್ ಕಾರಿನ ಮೋಟಾರಲ್ಲಿ, ಸಮುದ್ರದಲ್ಲಿ ನಿಲ್ಸಿರೋ ಗಾಳಿಯಂತ್ರದಲ್ಲಿ ಕೂತಿರೋದು. ನಿಯೋಡಿಮಿಯಂ ಮ್ಯಾಗ್ನೆಟ್ ಅಂತಾರೆ.

ಇದರ ಹುಟ್ಟಿನ ಕಥೆ ಓದ್ತಾ ಹೋದೆ, ಅಲ್ಲಿಂದ ತಲೆ ಎಲ್ಲೆಲ್ಲಿಗೋ ಹೋಯ್ತು, ಅದಕ್ಕೇ ಈ ಉದ್ದ ಪೋಸ್ಟ್. ಸ್ವಲ್ಪ ಸಮಾಧಾನದಿಂದ ಓದಿ.

ಮೊದಲು ಇಷ್ಟು ಶಕ್ತಿಯ ಮ್ಯಾಗ್ನೆಟ್ ಅಂದ್ರೆ ಸಮೇರಿಯಂ ಮತ್ತೆ ಕೋಬಾಲ್ಟ್ ಸೇರ್ಸಿ ಮಾಡ್ತಿದ್ದಿದ್ದು. ಕೋಬಾಲ್ಟ್ ಬಹುಪಾಲು ಬರ್ತಿದ್ದಿದ್ದು ಆಗ ಝೈರ್ ಅಂತಿದ್ದ ಇವತ್ತಿನ ಕಾಂಗೋದಿಂದ. 1978ರಲ್ಲಿ ಅಲ್ಲಿಯ ಶಾಬಾ ಪ್ರಾಂತ್ಯಕ್ಕೆ ಬಂಡುಕೋರರು ನುಗ್ಗಿದ್ರು, ಗಣಿ ಕೆಲ್ಸ ನಿಂತೋಯ್ತು, ಕೋಬಾಲ್ಟ್ ಬೆಲೆ ಆಕಾಶಕ್ಕೆ ಹೋಯ್ತು. ಕೋಬಾಲ್ಟ್ ಬದಲು ಕಬ್ಬಿಣ ಹಾಕಿ ಮಾಡೋಕಾಗತ್ತಾ ಅಂತ ಹಠ ಹಿಡಿದು ಕೂತೋರಲ್ಲಿ ಜಪಾನಿನ ಮಸಾಟೊ ಸಗಾವಾ ಒಬ್ರು, 1982ರಲ್ಲಿ ಕಬ್ಬಿಣ, ನಿಯೋಡಿಮಿಯಂ, ಬೋರಾನ್ ಸೇರ್ಸಿ ಈ ಮ್ಯಾಗ್ನೆಟ್ ಮಾಡೇಬಿಟ್ರು. ಒಂದು ದೇಶದ ಮೇಲಿನ ಅವಲಂಬನೆ ತಪ್ಪಿಸ್ಕೊಂಡ್ವಿ ಅಂತ ಎಲ್ಲರೂ ಖುಷಿಪಟ್ಟಿರ್ಬೇಕು. ಇಪ್ಪತ್ತೆಂಟು ವರ್ಷ ಆದ್ಮೇಲೆ 2010ರ ಸೆಪ್ಟೆಂಬರ್‌ನಲ್ಲಿ ಏನಾಯ್ತು ಅಂದ್ರೆ, ಜಪಾನ್, ಚೀನಾ ಎರಡೂ ನಮ್ದು ಅನ್ನೋ ಸೆಂಕಾಕು ದ್ವೀಪಗಳ ಹತ್ರ ಚೀನಾದ ಮೀನುಗಾರಿಕೆ ದೋಣಿ ಜಪಾನಿನ ಕರಾವಳಿ ಕಾವಲು ಹಡಗುಗಳಿಗೆ ಡಿಕ್ಕಿ ಹೊಡೀತು, ಕ್ಯಾಪ್ಟನ್‌ನ ಅರೆಸ್ಟ್ ಮಾಡಿದ್ರು, ಅದಾಗಿ ಸ್ವಲ್ಪ ದಿನಕ್ಕೇ ಜಪಾನಿಗೆ ಬರ್ತಿದ್ದ, ನಿಯೋಡಿಮಿಯಂ ಥರದ ಅಪರೂಪದ ಲೋಹಗಳ (ರೇರ್ ಅರ್ಥ್ ಅಂತಾರೆ) ಸಾಗಣೆ ಚೀನಾದ ಬಂದರುಗಳಲ್ಲೇ ನಿಂತೋಯ್ತು. ಜಪಾನಿಗೆ ಬೇಕಾದ್ದರಲ್ಲಿ ಸುಮಾರು ನೂರಕ್ಕೆ ತೊಂಬತ್ತು ಪಾಲು ಅಲ್ಲಿಂದಲೇ ಬರ್ತಿತ್ತು.

ಅಷ್ಟೊಂದು ಒಂದೇ ಕಡೆ ನೆಚ್ಕೊಂಡಿದ್ದು ಯಾಕೆ ಅಂದ್ರೆ ಅಗ್ಗ ಇತ್ತು, ಅಷ್ಟೇ. ಬೇರೆ ಕಡೆ ಗಣಿ ಇರ್ಲಿಲ್ವಾ? ಇತ್ತು! ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ಮೌಂಟನ್ ಪಾಸ್ ಅನ್ನೋ ಗಣಿ ಒಂದು ಕಾಲಕ್ಕೆ ಜಗತ್ತಿಗೆ ಬೇಕಾದ್ದರಲ್ಲಿ ಬಹುಪಾಲು ಕೊಡ್ತಿತ್ತು. ಅಗ್ಗದ ಮಾಲಿನ ಮುಂದೆ ನಿಲ್ಲೋಕಾಗ್ದೆ, ಪರಿಸರದ ತಾಪತ್ರಯನೂ ಸೇರಿ, 2002ರಲ್ಲಿ ಬಾಗಿಲು ಹಾಕ್ತು. ಆಗ ಕೊಳ್ಳೋ ದೇಶಗಳು ಅದನ್ನ ದೊಡ್ಡ ವಿಷಯ ಮಾಡ್ಲಿಲ್ಲ, ಬೆಲೆ ಇಳೀತಲ್ಲ ಸಾಕು ಅಂತ ಸುಮ್ನಾದ್ವು.

ನನಗೆ ಅನ್ಸೋದು ಇಷ್ಟೇ. ಎಣ್ಣೆ, ಗ್ಯಾಸು, ಲೋಹ ಎಲ್ಲ ಹೊರಗಿಂದ ತರ್ಸೋ ದೇಶಗಳು ಎಡವೋದು ರೇಟು ಏರಿದಾಗ ಅಲ್ಲ, ರೇಟು ಬಿದ್ದು ಎಲ್ಲಾ ಸಲೀಸಾಗಿ ಸಿಗೋವಾಗ. ರೇಟು ಏರಿದಾಗ ಎಲ್ಲರಿಗೂ ಬುದ್ಧಿ ಇರತ್ತೆ, ಕಮಿಟಿ ಮಾಡ್ತಾರೆ, ಭಾಷಣ ಮಾಡ್ತಾರೆ, ಆದ್ರೆ ಆ ಹೊತ್ತಿಗೆ ಕೈಯಲ್ಲಿ ಟೈಮು ಇರಲ್ಲ. ಒಂದು ಗಣಿ ಶುರು ಮಾಡೋಕೆ ಹತ್ತು ವರ್ಷಕ್ಕೂ ಮೇಲೆ ಬೇಕು.

ಜರ್ಮನಿ ನೋಡಿ. ಎಂಜಿನಿಯರಿಂಗ್‌ನಲ್ಲಿ ಪಳಗಿದ ದೇಶ, ದುಡ್ಡಿಗೆ ಕೊರತೆ ಇಲ್ಲ. 2021ರಲ್ಲಿ ಅದು ಹೊರಗಿಂದ ತರಿಸಿದ ಗ್ಯಾಸ್‌ನಲ್ಲಿ ಅರ್ಧಕ್ಕಿಂತ ಹೆಚ್ಚು ರಷ್ಯಾದ್ದು. ಹಡಗಲ್ಲಿ ಬರೋ ಎಲ್‌ಎನ್‌ಜಿ, ಅಂದ್ರೆ ತಣ್ಣಗೆ ಮಾಡಿ ದ್ರವ ಮಾಡಿದ ಗ್ಯಾಸ್, ಇಳಿಸ್ಕೊಳ್ಳೋಕೆ ಒಂದೇ ಒಂದು ಟರ್ಮಿನಲ್ ಇರ್ಲಿಲ್ಲ. ಇನ್ನೂ ಬೇಜಾರಿನ ಸಂಗತಿ ಅಂದ್ರೆ ದೇಶದ ಅತಿ ದೊಡ್ಡ ಗ್ಯಾಸ್ ಸ್ಟೋರೇಜು, ರೆಹ್ಡೆನ್‌ನಲ್ಲಿರೋದು, ಅದು ರಷ್ಯಾದ ಗ್ಯಾಜ್‌ಪ್ರಾಮ್ ಕಂಪನಿಯ ಅಂಗಸಂಸ್ಥೆ ಕೈಲಿತ್ತು. ಕಷ್ಟಕ್ಕಿರ್ಲಿ ಅಂತ ಇಟ್ಟ ಉಗ್ರಾಣದ ಬೀಗದ ಕೈ ಮಾರೋನ ಕೈಲೇ! 2022ರಲ್ಲಿ ಯುದ್ಧ ಶುರುವಾದ್ಮೇಲೆ ಎಚ್ಚೆತ್ಕೊಂಡು ವಿಲ್ಹೆಲ್ಮ್‌ಸ್‌ಹಾಫೆನ್‌ನಲ್ಲಿ ಸುಮಾರು ಇನ್ನೂರು ದಿನದಲ್ಲಿ ಟರ್ಮಿನಲ್ ಕಟ್ಟಿ ಡಿಸೆಂಬರ್‌ನಲ್ಲಿ ಶುರು ಮಾಡಿದ್ರು, ಅದನ್ನ ಮೆಚ್ಚಲೇಬೇಕು. ಆದ್ರೆ ಇನ್ನೂರು ದಿನದ ಕೆಲ್ಸವನ್ನ ಅದಕ್ಕೂ ಹಿಂದಿನ ಇಪ್ಪತ್ತು ವರ್ಷದಲ್ಲಿ ಯಾಕೆ ಮಾಡ್ಲಿಲ್ಲ?

ಅದರ ಬಿಸಿ ತಟ್ಟಿದ್ದು ಬಡ ದೇಶಗಳಿಗೆ. ಯುರೋಪು ಏನು ರೇಟಾದ್ರೂ ಸರಿ ಅಂತ ಎಲ್‌ಎನ್‌ಜಿ ಕೊಳ್ತಾ ಹೋದಾಗ 2022ರ ಜುಲೈನಲ್ಲಿ ಪಾಕಿಸ್ತಾನ ಹತ್ತು ಹಡಗು ಎಲ್‌ಎನ್‌ಜಿಗೆ ಟೆಂಡರ್ ಕರೀತು, ಒಂದೇ ಒಂದು ಬಿಡ್ ಬರ್ಲಿಲ್ಲ. ಬಾಂಗ್ಲಾದೇಶ ಮಾರ್ಕೆಟ್ ರೇಟಿಗೆ ಕೊಳ್ಳೋದನ್ನೇ ನಿಲ್ಲಿಸಿ ಸರದಿ ಪ್ರಕಾರ ಕರೆಂಟ್ ತೆಗೆಯೋಕೆ ಶುರು ಮಾಡ್ತು. ಅದೇ ವರ್ಷ ಶ್ರೀಲಂಕಾದಲ್ಲಿ ಡಾಲರ್ ಖಾಲಿಯಾಗಿ, ಪೆಟ್ರೋಲ್‌ಗೆ ಕ್ಯೂಆರ್ ಕೋಡ್ ಪಾಸ್ ಬಂತು, ಮೊದಮೊದಲು ಬೈಕಿಗೆ ವಾರಕ್ಕೆ 4 ಲೀಟರ್, ಆಟೋಗೆ 5 ಲೀಟರ್. ಆಟೋ ಓಡ್ಸೋನಿಗೆ ವಾರಕ್ಕೆ ಐದು ಲೀಟರ್ ಅಂದ್ರೆ ಮನೆ ನಡೆಯೋದು ಹೇಗೆ, ಒಂದ್ಸಲ ಯೋಚ್ನೆ ಮಾಡಿ. ಕ್ಯೂನಲ್ಲಿ ದಿನಗಟ್ಟಲೆ ನಿಂತು ಸತ್ತೋರೂ ಇದಾರೆ. ಎನರ್ಜಿ ಸೆಕ್ಯೂರಿಟಿ ಅಂದ ತಕ್ಷಣ ಹಡಗು, ನೌಕಾಪಡೆ ಅಂತ ಮಾತಾಡೋರಿಗೆ ಈ ಕ್ಯೂನೂ ನೆನಪಿರ್ಬೇಕು.

ಹಾಗಾದ್ರೆ ಮಾಡೋದೇನು? ಮಾರೋರನ್ನ ಹೆಚ್ಚು ಮಾಡ್ಕೊಳ್ಳೋದು, ಸ್ಟಾಕ್ ಇಟ್ಕೊಳ್ಳೋದು, ಇವೆರಡೂ ಬೇಕೇ ಬೇಕು, ಇಲ್ಲ ಅನ್ನಲ್ಲ. 1973ರ ಎಣ್ಣೆ ಬಿಕ್ಕಟ್ಟಲ್ಲಿ ಬ್ಯಾರೆಲ್‌ಗೆ ಸುಮಾರು ಮೂರು ಡಾಲರ್ ಇದ್ದಿದ್ದು ಕೆಲವೇ ತಿಂಗಳಲ್ಲಿ ಹನ್ನೆರಡರ ಹತ್ರ ಹೋದ್ಮೇಲೆ, 1974ರಲ್ಲಿ ಐಇಎ (ಅಂತರರಾಷ್ಟ್ರೀಯ ಶಕ್ತಿ ಸಂಸ್ಥೆ) ಹುಟ್ಟಿದ್ದು, ಸದಸ್ಯ ದೇಶಗಳು 90 ದಿನದ ಆಮದಿನಷ್ಟು ಎಣ್ಣೆ ಇಟ್ಕೊಂಡಿರ್ಬೇಕು ಅಂತ ನಿಯಮ ಬಂದಿದ್ದು. ಒಳ್ಳೇ ನಿಯಮ. ಆದ್ರೆ ಸ್ಟಾಕ್ ನಮಗೆ ಕೊಡೋದು ತೊಂಬತ್ತು ದಿನ ಮಾತ್ರ, ತೊಂಬತ್ತೊಂದನೇ ದಿನಕ್ಕೆ ಮತ್ತೆ ಅದೇ ಕಥೆ.

ಆ ಬಿಕ್ಕಟ್ಟಲ್ಲಿ ಜಪಾನ್ ಮಾಡಿದ್ದು ನನಗೆ ಹೆಚ್ಚು ಇಷ್ಟ ಆಗತ್ತೆ. ಆಗ ಅವರ ಒಟ್ಟು ಶಕ್ತಿಯಲ್ಲಿ ಮುಕ್ಕಾಲು ಭಾಗ ಎಣ್ಣೆಯಿಂದ, ಅದೂ ಹೆಚ್ಚುಕಮ್ಮಿ ಪೂರ್ತಿ ಆಮದು. ಜನ ಗಾಬರಿ ಬಿದ್ದು ಅಂಗಡಿಗಳಲ್ಲಿ ಟಾಯ್ಲೆಟ್ ಪೇಪರ್ ಖಾಲಿ ಮಾಡಿದ್ರು. 1979ರಲ್ಲಿ ಅವರು ಶಕ್ತಿ ಉಳಿತಾಯಕ್ಕೆ ಅಂತಲೇ ಕಾನೂನು ಮಾಡಿದ್ರು, ಆಮೇಲೆ 1998ರಲ್ಲಿ ಅದಕ್ಕೆ ಟಾಪ್ ರನ್ನರ್ ಅನ್ನೋ ಪದ್ಧತಿ ಸೇರಿಸಿದ್ರು. ಎಷ್ಟು ಸರಳ ಅಂದ್ರೆ, ಇವತ್ತು ಮಾರ್ಕೆಟ್‌ನಲ್ಲಿರೋ ಎಸಿಗಳಲ್ಲಿ ಅತಿ ಕಮ್ಮಿ ಕರೆಂಟ್ ತಿನ್ನೋದು ಯಾವುದು ನೋಡು, ಕೆಲವು ವರ್ಷ ಆದ್ಮೇಲೆ ಎಲ್ಲಾ ಕಂಪನಿಗಳೂ ಅದರ ಮಟ್ಟಕ್ಕೆ ಬರ್ಲೇಬೇಕು. 1998ರಲ್ಲಿ ಎಣ್ಣೆ ರೇಟು ಪಾತಾಳದಲ್ಲಿತ್ತು, ಗಮನಿಸಿ. ಯಾರೂ ಕುತ್ತಿಗೆ ಹಿಡಿದಿರ್ಲಿಲ್ಲ, ಆದ್ರೂ ಮಾಡಿದ್ರು. ಬೇಡದೇ ಇರೋ ಎಣ್ಣೆಯನ್ನ ಯಾವ ಶತ್ರುವೂ ತಡೆಯೋಕಾಗಲ್ಲ.

ಉರುಗ್ವೆ ದೇಶದ ಬಗ್ಗೆ ನಮ್ಮಲ್ಲಿ ಫುಟ್‌ಬಾಲ್ ಬಿಟ್ರೆ ಬೇರೆ ಮಾತೇ ಬರಲ್ಲ. ಸ್ವಂತ ಎಣ್ಣೆ ಇಲ್ಲ, ಗ್ಯಾಸ್ ಇಲ್ಲ, ಕಲ್ಲಿದ್ದಲೂ ಇಲ್ಲ. ಮಳೆ ಚೆನ್ನಾಗಿ ಬಂದ್ರೆ ಡ್ಯಾಮುಗಳಿಂದ ಕರೆಂಟ್, ಮಳೆ ಕೈಕೊಟ್ರೆ ಎಣ್ಣೆ ಕೊಂಡು ಸುಡೋದು, ಬಜೆಟ್ಟೇ ತಲೆಕೆಳಗಾಗೋದು. 2008ರಲ್ಲಿ ರಮೋನ್ ಮೆಂಡೆಸ್ ಅನ್ನೋ ಭೌತವಿಜ್ಞಾನಿಯನ್ನ ಶಕ್ತಿ ಇಲಾಖೆಯ ನಿರ್ದೇಶಕ ಮಾಡಿದ್ರು. ಯೋಜನೆ ಬರೆದ್ರು, 2010ರಲ್ಲಿ ಪಾರ್ಲಿಮೆಂಟಿನ ಎಲ್ಲಾ ಪಕ್ಷಗಳೂ ಒಪ್ಪಿದ್ವು, ಗಾಳಿ ವಿದ್ಯುತ್ ಕಂಪನಿಗಳಿಗೆ ಹರಾಜು ಕರೆದು ಇಪ್ಪತ್ತು ವರ್ಷದ ಕರಾರು ಕೊಟ್ರು. ಹತ್ತು ವರ್ಷದೊಳಗೆ ಕರೆಂಟ್‌ನಲ್ಲಿ ನೂರಕ್ಕೆ ತೊಂಬತ್ತಕ್ಕಿಂತ ಹೆಚ್ಚು ಪಾಲು ಗಾಳಿ, ನೀರು, ಬಯೋಮಾಸ್, ಬಿಸಿಲಿನಿಂದ ಬರೋ ಹಾಗಾಯ್ತು. ಎಲ್ಲಾ ಸರಿಹೋಯ್ತು ಅಂತಲ್ಲ, ಗಾಡಿಗಳು ಈಗ್ಲೂ ಎಣ್ಣೆಯಲ್ಲೇ ಓಡ್ತವೆ, ಭಾರೀ ಬರ ಬಂದ ವರ್ಷ ತೊಂದ್ರೆನೂ ಆಗತ್ತೆ. ಆದ್ರೆ ಎಲ್ಲಾ ಪಕ್ಷ ಒಪ್ಪಿದ್ದೇ ನನಗೆ ದೊಡ್ಡ ವಿಷಯ. ಐದೈದು ವರ್ಷಕ್ಕೆ ಸರ್ಕಾರ ಬದಲಾಗೋ ಕಡೆ ಇಪ್ಪತ್ತು ವರ್ಷದ ಮಾತು ಉಳ್ಕೋಬೇಕಂದ್ರೆ ಅದೊಂದೇ ದಾರಿ.

ಇಲ್ಲಿ ಯಾರಾದ್ರೂ ಕೇಳ್ಬೋದು, ಸೋಲಾರ್ ಪ್ಯಾನೆಲ್ಲು, ಬ್ಯಾಟರಿ ಎಲ್ಲಾ ಚೀನಾದಿಂದ್ಲೇ ಬರೋದಲ್ವಾ, ಒಬ್ಬರ ಕೈ ಬಿಟ್ಟು ಇನ್ನೊಬ್ಬರ ಕೈ ಹಿಡಿದಂಗಾಯ್ತಲ್ಲ ಅಂತ. ಸರಿಯಾದ ಪ್ರಶ್ನೆ. ಆದ್ರೆ ಎರಡೂ ಒಂದೇ ಥರದ ಅವಲಂಬನೆ ಅಲ್ಲ. ಗ್ಯಾಸ್ ಹಡಗು ಈ ತಿಂಗಳು ಬರ್ಲಿಲ್ಲ ಅಂದ್ರೆ ಈ ತಿಂಗಳೇ ಕರೆಂಟ್ ಹೋಗತ್ತೆ. ಪ್ಯಾನೆಲ್ ಹಡಗು ಬರ್ಲಿಲ್ಲ ಅಂದ್ರೆ ಹೊಸ ಪ್ಯಾನೆಲ್ ಇಲ್ಲ, ಅಷ್ಟೇ, ಈಗಾಗ್ಲೇ ಛಾವಣಿ ಮೇಲಿರೋದು ಇನ್ನೂ ಇಪ್ಪತ್ತೈದು ವರ್ಷ ಕೆಲ್ಸ ಮಾಡತ್ತೆ. ಬಿಡ್ ಸಿಗದೇ ಪೇಚಾಡಿದ ಅದೇ ಪಾಕಿಸ್ತಾನದ ಜನ 2024ರಲ್ಲಿ ಸುಮಾರು 17 ಗಿಗಾವ್ಯಾಟ್‌ನಷ್ಟು ಪ್ಯಾನೆಲ್ ತರಿಸ್ಕೊಂಡ್ರು, ಬಹಳಷ್ಟು ಮನೆಯವರು, ರೈತರು, ಫ್ಯಾಕ್ಟರಿಯವರು ತಾವೇ ಹಾಕ್ಸಿದ್ದು. ಆ ಪ್ಯಾನೆಲ್‌ಗೆ ಪ್ರತಿ ತಿಂಗಳು ಡಾಲರ್ ಕೊಡೋ ಹಾಗಿಲ್ಲ.

ಲೋಹದ ವಿಷ್ಯಕ್ಕೆ ವಾಪಸ್ ಬರ್ತೀನಿ, ಯಾಕಂದ್ರೆ ಮುಂದಿನ ಇಕ್ಕಟ್ಟು ಅಲ್ಲೇ ಇರೋದು. ಜನ ಗಣಿ ಎಲ್ಲಿದೆ ಅಂತ ಮ್ಯಾಪ್ ನೋಡ್ತಾರೆ, ಕುತ್ತಿಗೆ ಸಿಕ್ಕಿಹಾಕ್ಕೊಳ್ಳೋದು ಶುದ್ಧೀಕರಣದಲ್ಲಿ. ಹದಿನೇಳು ಅಪರೂಪದ ಲೋಹಗಳು ಗುಣದಲ್ಲಿ ಅಣ್ಣತಮ್ಮಂದಿರ ಹಾಗೆ, ಆಸಿಡ್‌ನಲ್ಲಿ ಕರಗಿಸಿ ನೂರಾರು ಹಂತಗಳಲ್ಲಿ ಒಂದೊಂದಾಗಿ ಬೇರೆ ಮಾಡ್ಬೇಕು. ಆ ಕೆಲ್ಸದ ಹೆಚ್ಚುಕಮ್ಮಿ ನೂರಕ್ಕೆ ತೊಂಬತ್ತು ಪಾಲು ಈಗ ಚೀನಾದಲ್ಲಿ. ಮೌಂಟನ್ ಪಾಸ್ ಮತ್ತೆ ತೆರೆದ್ಮೇಲೂ ವರ್ಷಗಟ್ಟಲೆ ಅಲ್ಲಿಯ ಅದಿರು ಹಡಗು ಹತ್ತಿ ಚೀನಾಕ್ಕೇ ಹೋಗ್ತಿತ್ತು.

2010ರ ಏಟು ತಿಂದ ಜಪಾನ್, ಮುಂದಿನ ವರ್ಷವೇ ತನ್ನ ಸರ್ಕಾರಿ ಸಂಸ್ಥೆ ಜಾಗ್ಮೆಕ್ ಮತ್ತೆ ಸೊಜಿಟ್ಸ್ ಕಂಪನಿ ಮೂಲಕ ಆಸ್ಟ್ರೇಲಿಯಾದ ಲೈನಾಸ್ ಅನ್ನೋ ಗಣಿ ಕಂಪನಿಗೆ 25 ಕೋಟಿ ಡಾಲರ್ ಒದಗಿಸ್ತು. ಗಣಿ ಆಸ್ಟ್ರೇಲಿಯಾದ ಮೌಂಟ್ ವೆಲ್ಡ್‌ನಲ್ಲಿ, ಶುದ್ಧೀಕರಣ ಮಲೇಷ್ಯಾದ ಕ್ವಾಂಟನ್‌ನಲ್ಲಿ. ಆಮೇಲೆ ಬೆಲೆ ಕುಸೀತು. 2015ರಲ್ಲಿ ಮೌಂಟನ್ ಪಾಸ್ ನಡೆಸ್ತಿದ್ದ ಮಾಲಿಕಾರ್ಪ್ ದಿವಾಳಿ ಎದ್ದೋಯ್ತು. ಲೈನಾಸೂ ಮುಳುಗೋದರಲ್ಲಿತ್ತು, ಜಪಾನ್ ಕೈ ಬಿಡ್ಲಿಲ್ಲ, ಸಾಲ ತೀರ್ಸೋ ಗಡುವು ಮುಂದಕ್ಕೆ ಹಾಕ್ತು, ಬಡ್ಡಿ ಇಳಿಸ್ತು. ನನ್ನ ಪ್ರಕಾರ ಈ ಇಡೀ ವಿಷಯದಲ್ಲಿ ಅತಿ ಮುಖ್ಯವಾದ ನಿರ್ಧಾರ ಅದೇ, ಯಾಕಂದ್ರೆ ಅವತ್ತು ಮಾರ್ಕೆಟ್‌ನಲ್ಲಿ ಅದೇ ಮಾಲು ಕಮ್ಮಿ ರೇಟಿಗೆ ಸಿಗ್ತಿತ್ತು. ಈಗ ಚೀನಾ ಮೇಲೆ ಜಪಾನಿನ ಅವಲಂಬನೆ ಸುಮಾರು ನೂರಕ್ಕೆ ಅರವತ್ತಕ್ಕೆ ಇಳಿದಿದೆ. ಹದಿನೈದು ವರ್ಷದ ಕೆಲ್ಸಕ್ಕೆ ಇಷ್ಟೇನಾ ಅನ್ಸತ್ತೆ, ನಿಜ, ಆದ್ರೆ ಬೇರೆಯವರು ಇಷ್ಟೂ ಮಾಡಿಲ್ಲ. 2025ರ ಏಪ್ರಿಲ್‌ನಲ್ಲಿ ಚೀನಾ ಏಳು ಲೋಹಗಳ ರಫ್ತಿಗೆ ಲೈಸೆನ್ಸ್ ಬೇಕು ಅಂದಾಗ ಎಷ್ಟೋ ದೇಶದ ಕಾರು ಫ್ಯಾಕ್ಟರಿಗಳಿಗೆ ತಿಂಗಳೆರಡು ತಿಂಗಳಲ್ಲೇ ಮ್ಯಾಗ್ನೆಟ್ ಇಲ್ಲದ ಪರಿಸ್ಥಿತಿ ಬಂತು.

ಸುಸ್ಥಿರ ಅನ್ನೋ ಪದ ನಾವು ಬಹಳ ಸಡಿಲವಾಗಿ ಬಳಸ್ತೀವಿ. ಎಲ್ಲೋ ಅಗ್ಗವಾಗಿ ಸಿಕ್ತು ಅಂದ್ರೆ ಉಳಿದ ದುಡ್ಡನ್ನ ಬೇರೆ ಯಾರೋ ತಮ್ಮ ನೀರು, ತಮ್ಮ ಮೈ ಸವೆಸಿ ಕಟ್ಟಿದಾರೆ ಅಂತಲೇ ಅರ್ಥ. ಮ್ಯಾಗ್ನೆಟ್ ಬಿಸಿ ತಡ್ಕೊಳ್ಳಕ್ಕೆ ಸೇರ್ಸೋ ಡಿಸ್ಪ್ರೋಸಿಯಂನಲ್ಲಿ ದೊಡ್ಡ ಪಾಲು ಮ್ಯಾನ್ಮಾರಿನ ಕಚಿನ್ ಬೆಟ್ಟಗಳಿಂದ ಬರತ್ತೆ, ಅಲ್ಲಿ ಬೆಟ್ಟಕ್ಕೇ ತೂತು ಕೊರೆದು ಕೆಮಿಕಲ್ ಸುರಿದು ಲೋಹ ಇಳಿಸ್ತಾರೆ, ಕೆಳಗಿನ ಹೊಳೆಗಳ ಗತಿ ಹೇಳೋದೇ ಬೇಡ. ಇಂಡೋನೇಷ್ಯಾ 2020ರಲ್ಲಿ ಹಸಿ ನಿಕ್ಕಲ್ ಅದಿರಿನ ರಫ್ತು ನಿಲ್ಲಿಸಿ, ಬೇಕಾದ್ರೆ ಇಲ್ಲೇ ಬಂದು ಫ್ಯಾಕ್ಟರಿ ಹಾಕಿ ಅಂತು. ಕೊಳ್ಳೋ ದೇಶಗಳು ಕೂಗಾಡಿದ್ವು. ನನಗೆ ಇಂಡೋನೇಷ್ಯಾ ಮಾತು ನ್ಯಾಯ ಅನ್ಸತ್ತೆ, ಮಣ್ಣು ಅಗೆದು ಕೊಟ್ಟೇ ಬಾಳೋಕೆ ಯಾರಿಗೆ ಇಷ್ಟ? ಬೇಸರ ಏನಂದ್ರೆ ಆ ಫ್ಯಾಕ್ಟರಿಗಳು ಓಡ್ತಿರೋದು ಹೆಚ್ಚಾಗಿ ಕಲ್ಲಿದ್ದಲಿನಲ್ಲಿ. ಕೊಳ್ಳೋ ದೇಶಗಳು ಅಲ್ಲಿ ಒಳ್ಳೇ ಫ್ಯಾಕ್ಟರಿ, ಒಳ್ಳೇ ಕರೆಂಟ್, ಒಳ್ಳೇ ಕೂಲಿಗೆ ದುಡ್ಡು ಹಾಕಿದ್ರೆ ಎರಡೂ ಕಡೆಯವರಿಗೆ ಬಿಟ್ಟುಹೋಗೋಕೆ ಮನಸ್ಸು ಬರಲ್ಲ.

ಇನ್ನು ಮನೆಯೊಳಗಿನ ಗಣಿ. ಎಣ್ಣೆ ಸುಟ್ರೆ ಹೊಗೆ, ಲೋಹ ಹಾಗಲ್ಲ, ದೇಶದೊಳಗೆ ಬಂದಿದ್ದು ಇಲ್ಲೇ ಇರತ್ತೆ. ಟೋಕಿಯೊ ಒಲಿಂಪಿಕ್ಸಿನ ಸುಮಾರು 5,000 ಪದಕಗಳಿಗೆ ಬೇಕಾದ ಲೋಹವನ್ನ ಜನ ಕೊಟ್ಟ ಹಳೇ ಫೋನು, ಸಣ್ಣಪುಟ್ಟ ಎಲೆಕ್ಟ್ರಾನಿಕ್ ಸಾಮಾನುಗಳಿಂದಲೇ ತೆಗೆದ್ರು. 2017ರಿಂದ 2019ರವರೆಗೆ ಎರಡು ವರ್ಷ ಒಟ್ಟು ಮಾಡಿದ್ದು 62 ಲಕ್ಷ ಫೋನು, 79 ಸಾವಿರ ಟನ್ನಿನ ಹತ್ರ ಸಾಮಾನು. ಸಿಕ್ಕಿದ್ದು 32 ಕೆಜಿ ಚಿನ್ನ, 3,500 ಕೆಜಿ ಬೆಳ್ಳಿ. ಯುರೋಪ್ ಒಕ್ಕೂಟ 2024ರ ಕಾನೂನಲ್ಲಿ 2030ರೊಳಗೆ ಮುಖ್ಯ ಲೋಹಗಳ ಬೇಡಿಕೆಯ ನೂರಕ್ಕೆ 25 ಪಾಲಿನಷ್ಟು ರೀಸೈಕಲ್ ಮಾಡೋ ಸಾಮರ್ಥ್ಯ ಇರ್ಬೇಕು, ಯಾವುದೇ ಒಂದು ಹೊರ ದೇಶದಿಂದ 65ಕ್ಕಿಂತ ಹೆಚ್ಚು ತರಬಾರದು ಅಂತ ಗುರಿ ಇಟ್ಕೊಂಡಿದೆ. ಕಾರಿನ ಸೀಸದ ಬ್ಯಾಟರಿ ಅಮೆರಿಕ, ಯುರೋಪಲ್ಲಿ ಹೆಚ್ಚುಕಮ್ಮಿ ಪೂರ್ತಿ ವಾಪಸ್ ಬರತ್ತೆ, ಯಾಕಂದ್ರೆ ಹಳೇದು ಕೊಟ್ರೆ ದುಡ್ಡು ಸಿಗತ್ತೆ, ಕೊಡೋಕೆ ಜಾಗ ಇದೆ, ಬಿಚ್ಚೋದು ಸುಲಭ.

ನಿಯೋಡಿಮಿಯಂಗೆ ಇದ್ಯಾವುದೂ ಇಲ್ಲ. ಚಿನ್ನ ತೆಗೆಯೋರು ಫೋನನ್ನ ಪುಡಿ ಮಾಡಿ ಕುಲುಮೆಗೆ ಹಾಕ್ತಾರೆ, ಮ್ಯಾಗ್ನೆಟ್ಟು ಕರಗಿ ಕಿಟ್ಟದ ಜೊತೆ ಹೋಗ್ಬಿಡತ್ತೆ. ಇಡೀ ಜಗತ್ತಿಗೆ ಬೇಕಾಗೋ ಅಪರೂಪದ ಲೋಹಗಳಲ್ಲಿ ರೀಸೈಕಲ್ ಆಗಿ ಬರೋದು ಸುಮಾರು ನೂರಕ್ಕೆ ಒಂದು ಪಾಲು. ಅಂಟು ಹಾಕದೇ ಸ್ಕ್ರೂನಲ್ಲಿ ಕೂರ್ಸಿದ್ರೆ, ಬಿಚ್ಚೋಕೆ ಬರೋ ಹಾಗೆ ಡಿಸೈನ್ ಮಾಡಿ ಅಂತ ಕಾನೂನು ತಂದ್ರೆ ಇದು ಬದಲಾಗತ್ತೆ. ಆ ಕಾನೂನು ತರೋಕೆ ಇನ್ನೊಂದು 2010 ಬರ್ಲಿ ಅಂತ ಕಾಯೋದು ಬೇಡ, ದಯವಿಟ್ಟು.

ನಾನು ಬಿಚ್ಚಿದ ಮ್ಯಾಗ್ನೆಟ್ ಇನ್ನೂ ಟ್ವೀಝರ್ ತುದಿಯಲ್ಲೇ ಇದೆ. ಅದನ್ನ ಎಲ್ಲಿ ಕೊಟ್ರೆ ಮತ್ತೆ ಮ್ಯಾಗ್ನೆಟ್ಟೇ ಆಗತ್ತೆ ಅಂತ ನಾಲ್ಕು ದಿನದಿಂದ ಹುಡುಕ್ತಾ ಇದೀನಿ, ಸಿಕ್ಕಿಲ್ಲ. ಡ್ರಾಯರ್‌ನಲ್ಲಿ ಇನ್ನೂ ಎರಡು ಫೋನ್ ಇದಾವೆ.